ಏಡಿಯ ಕೇಕ್: ಹಿಟ್ಟು ಕಡಿಮೆಯಾದಷ್ಟೂ ರುಚಿ

ಕೇಕ್ ಎಂದೊಡನೆ ನಮಗೆ ನೆನಪಾಗುವುದು ಹುಟ್ಟುಹಬ್ಬದ ಸಿಹಿ. ಆದರೆ ಅಮೆರಿಕದ ಪೂರ್ವ ಕರಾವಳಿಯ ಮೇರಿಲ್ಯಾಂಡ್ ರಾಜ್ಯದಲ್ಲಿ ‘ಕ್ರ್ಯಾಬ್ ಕೇಕ್’ ಎಂದರೆ ಏಡಿಯ ಮಾಂಸವನ್ನು ಬಿಲ್ಲೆ ಮಾಡಿ ಬೆಣ್ಣೆಯಲ್ಲಿ ಕೆಂಪಗೆ ಕಾಯಿಸಿದ ತಿನಿಸು. ನಮ್ಮ ಕಟ್ಲೆಟ್ಟಿನ ಹತ್ತಿರದ ನೆಂಟ. ಇದು ಚೆನ್ನಾಗಿದೆಯೋ ಇಲ್ಲವೋ ಎಂದು ಅಲ್ಲಿನವರು ತೀರ್ಮಾನಿಸುವುದು ಒಂದೇ ಪ್ರಶ್ನೆಯಿಂದ: ಒಳಗೆ ಏಡಿ ಎಷ್ಟು, ಬ್ರೆಡ್ಡು ಎಷ್ಟು?

ಮೇರಿಲ್ಯಾಂಡ್ ಮತ್ತು ವರ್ಜೀನಿಯಾ ರಾಜ್ಯಗಳಲ್ಲಿ ಸುಮಾರು 320 ಕಿಲೋಮೀಟರ್ ಉದ್ದಕ್ಕೆ ಚಾಚಿರುವ ಚೆಸಪೀಕ್ ಕೊಲ್ಲಿಯಲ್ಲಿ ನದಿಯ ಸಿಹಿನೀರೂ ಕಡಲಿನ ಉಪ್ಪುನೀರೂ ಬೆರೆಯುತ್ತವೆ. ಇಲ್ಲಿ ಬೆಳೆಯುವ ನೀಲಿ ಏಡಿಗೆ ಮೇರಿ ರಾತ್‌ಬನ್ ಎಂಬ ಜೀವವಿಜ್ಞಾನಿ 1896ರಲ್ಲಿ ‘ಕ್ಯಾಲಿನೆಕ್ಟಿಸ್ ಸ್ಯಾಪಿಡಸ್’ ಎಂದು ಹೆಸರಿಟ್ಟರು. ‘ರುಚಿಯಾದ, ಚೆಲುವಾದ ಈಜುಗಾರ’ ಎಂಬುದು ಅದರ ಅರ್ಥ. ಅದರ ಕೊನೆಯ ಜೋಡಿ ಕಾಲುಗಳು ದೋಣಿಯ ಹುಟ್ಟಿನಂತೆ ಚಪ್ಪಟೆ. ಈಜುವ ಆ ಕಾಲುಗಳನ್ನು ಆಡಿಸುವ ಸ್ನಾಯುಗಳೇ ಏಡಿಯ ಅತಿ ದೊಡ್ಡ, ಅತಿ ಬಿಳಿಯ ಮಾಂಸದ ಗಡ್ಡೆಗಳು. ಒಂದು ಏಡಿಗೆ ಇಂಥವು ಎರಡೇ. ಒಳ್ಳೆಯ ಕೇಕಿನಲ್ಲಿ ಇವು ಒಡೆಯದೆ ಉಳಿದಿರಬೇಕು.

ಏಡಿಯ ತೂಕದಲ್ಲಿ ಸುಮಾರು ಏಳನೇ ಒಂದು ಪಾಲು ಮಾತ್ರ ಮಾಂಸವಾಗಿ ಕೈಗೆ ಬರುತ್ತದೆ. ಅದನ್ನು ಬಿಡಿಸುವ ಕೆಲಸ ಇಂದಿಗೂ ಬಹುಮಟ್ಟಿಗೆ ಕೈಯದೇ; ಒಂದು ಸಣ್ಣ ಚಾಕು, ಪಳಗಿದ ಬೆರಳು. ಕೊಲ್ಲಿಯ ದಂಡೆಯ ಏಡಿ ಕೊಠಡಿಗಳಲ್ಲಿ ತಲೆಮಾರುಗಳ ಕಾಲ ಕಪ್ಪು ಜನಾಂಗದ ಮಹಿಳೆಯರೂ ಮೀನುಗಾರರ ಮನೆಯ ಹೆಂಗಸರೂ ಇದನ್ನು ಮಾಡಿದರು. ಕೂಲಿ ಸಿಗುತ್ತಿದ್ದುದು ಬಿಡಿಸಿದ ಮಾಂಸದ ತೂಕಕ್ಕೆ. ಆಮೇಲೆ ಮೆಕ್ಸಿಕೋದಿಂದ ತಾತ್ಕಾಲಿಕ ವೀಸಾ ಪಡೆದು ಬರುವ ಮಹಿಳೆಯರು ಆ ಜಾಗ ತುಂಬಿದರು. 2018ರಲ್ಲಿ ಆ ವೀಸಾಗಳನ್ನು ಲಾಟರಿ ಎತ್ತಿ ಹಂಚಿದಾಗ ಹೂಪರ್ಸ್ ದ್ವೀಪದ ಕೆಲವು ಏಡಿ ಕೊಠಡಿಗಳಿಗೆ ಕೆಲಸಗಾರರೇ ಸಿಗಲಿಲ್ಲ. ಕೊಲ್ಲಿಯಲ್ಲಿ ಏಡಿಯಿದ್ದರೂ ಬಿಡಿಸುವ ಕೈ ಇಲ್ಲದಿದ್ದರೆ ಕೇಕ್ ಇಲ್ಲ.

ಈ ತಿನಿಸಿನ ಘಮಕ್ಕೂ ವಲಸೆಯ ಕಥೆಯೊಂದಿದೆ. ಜರ್ಮನಿಯ ಯಹೂದಿ ಮಸಾಲೆ ವ್ಯಾಪಾರಿ ಗುಸ್ತಾವ್ ಬ್ರುನ್ 1938ರಲ್ಲಿ ನಾಜಿಗಳ ಬುಖೆನ್‌ವಾಲ್ಡ್ ಶಿಬಿರದಲ್ಲಿ ಬಂದಿಯಾಗಿದ್ದು, ಬಿಡುಗಡೆಯಾಗಿ ಬಾಲ್ಟಿಮೋರ್ ನಗರ ಸೇರಿದರು. ಅಲ್ಲಿ ಅವರು ಕೂಡಿಸಿದ, ಸೆಲರಿ ಉಪ್ಪು, ಕೆಂಪು ಮೆಣಸು, ಕರಿಮೆಣಸುಗಳಿರುವ ‘ಓಲ್ಡ್ ಬೇ’ ಪುಡಿ ಇಂದು ಮೇರಿಲ್ಯಾಂಡಿನ ಗುರುತೇ ಆಗಿದೆ.

ಇನ್ನು ಮಾಡುವ ಬಗೆ. ಅರ್ಧ ಕಿಲೋ ಬಿಡಿಸಿದ ಮಾಂಸಕ್ಕೆ ಒಂದು ಮೊಟ್ಟೆ, ಎರಡು ಮೂರು ದೊಡ್ಡ ಚಮಚ ಮೆಯೊನೇಸ್, ಒಂದು ಚಮಚ ಅರೆದ ಸಾಸಿವೆ, ಒಂದು ಚಮಚ ಮಸಾಲೆ ಪುಡಿ ಸಾಕು. ಇವನ್ನೆಲ್ಲ ಮೊದಲೇ ಕಲಸಿಕೊಂಡು ಮಾಂಸವನ್ನು ಕೊನೆಗೆ ಸೇರಿಸಿ, ಚಿಪ್ಪಿನ ಚೂರಿದೆಯೇ ಎಂದು ಬೆರಳಲ್ಲಿ ತಡವಿ ನೋಡಬೇಕು. ಬ್ರೆಡ್ಡಿನ ಪುಡಿ ನಾಲ್ಕೈದು ದೊಡ್ಡ ಚಮಚ ಮೀರದಿರಲಿ. ಆರು ಬಿಲ್ಲೆ ಮಾಡಿ ಒಂದು ಗಂಟೆ ಫ್ರಿಜ್ಜಿನಲ್ಲಿಡಿ. ಹಿಟ್ಟು ಕಡಿಮೆಯಿರುವ ಬಿಲ್ಲೆ ಒಡೆಯದಿರುವ ಗುಟ್ಟು ಇಲ್ಲಿದೆ: ಬ್ರೆಡ್ಡಿನ ಪುಡಿ ತೇವ ಹೀರಿಕೊಳ್ಳುತ್ತದೆ, ತಣ್ಣಗಾದ ಬಿಲ್ಲೆ ಬಿಗಿಯಾಗುತ್ತದೆ, ಬಾಣಲೆಯ ಬಿಸಿಗೆ ಮೊಟ್ಟೆ ಗಟ್ಟಿಯಾಗಿ ಉಳಿದುದನ್ನು ಹಿಡಿದಿಡುತ್ತದೆ. ಬೆಣ್ಣೆಗೆ ಸ್ವಲ್ಪ ಎಣ್ಣೆ ಬೆರೆಸಿ, ಹದ ಉರಿಯಲ್ಲಿ ಒಂದೊಂದು ಮಗ್ಗುಲನ್ನೂ ನಾಲ್ಕೈದು ನಿಮಿಷ ಕಾಯಿಸಿ. ಮಗುಚುವುದು ಒಂದೇ ಸಲ.

ನಮ್ಮ ಕರಾವಳಿಯಲ್ಲಿ ಸಿಗುವ ಈಜುವ ಏಡಿಯೂ ಇದೇ ಕುಟುಂಬದ್ದು. ತುಳುವರ ಡೆಂಜಿ, ಕೊಂಕಣಿಗರ ಕುರ್ಲಿ ಸಾಮಾನ್ಯವಾಗಿ ಮಸಾಲೆಯಲ್ಲಿ ಬೇಯುವುದು ಚಿಪ್ಪಿನೊಡನೆಯೇ. ಬಿಡಿಸುವ ಶ್ರಮ ತಿನ್ನುವವರದು. ಕೇಕ್ ಮಾಡಬೇಕೆಂದರೆ ಅದನ್ನು ಹಬೆಯಲ್ಲಿ ಬೇಯಿಸಿ, ಆರಿಸಿ, ಕಿವಿರು ತೆಗೆದು, ಮನೆಮಂದಿಯೆಲ್ಲ ಕೂತು ಬಿಡಿಸಬೇಕು. ಸುಮಾರು ಮೂರೂವರೆ ಕಿಲೋ ಏಡಿ ಬಿಡಿಸಿದರೆ ಅರ್ಧ ಕಿಲೋ ಮಾಂಸ. ಅಷ್ಟು ಹೊತ್ತು ಕೂತವರಿಗೆ ಅದರ ಮೇಲೆ ಬ್ರೆಡ್ಡಿನ ಪುಡಿ ಸುರಿಯಲು ಮನಸ್ಸು ಬಾರದು.