ಬೇಡ ಎನ್ನಲು ಬಾರದ ಪ್ರೇಯಸಿಯರು

ಮದುವೆಯಾದವರಿಗೆ ಕದ್ದುಮುಚ್ಚಿ ಸಂಬಂಧ ಕುದುರಿಸಿಕೊಡುವ ಕೆನಡಾದ ತಾಣ ಆಶ್ಲೀ ಮ್ಯಾಡಿಸನ್. 2015ರಲ್ಲಿ ಹ್ಯಾಕರ್‌ಗಳು ಅದಕ್ಕೆ ಕನ್ನ ಹಾಕಿದಾಗ, ಬಯಲಾದ ಸದಸ್ಯರ ಪಟ್ಟಿಯಲ್ಲಿ ಯಾರ ಗಂಡ ಇದ್ದಾನೆಂದು ಲೋಕವೆಲ್ಲ ಹುಡುಕಾಡಿತು. ಆದರೆ ಅಸಲಿ ಸೋಜಿಗ ಬೇರೆಯೇ ಇತ್ತು. ಗಂಡಸರ ಜೊತೆ ಸರಸದ ಮಾತಾಡುತ್ತಿದ್ದ ಸಾವಿರಾರು ಹೆಂಗಸರು ಬರೀ ಸಾಫ್ಟ್‌ವೇರ್!

2014ರಲ್ಲಿ ಇಂಥ 28,417 ಪ್ರೊಫೈಲ್‌ಗಳಿದ್ದವು, ಮೂರನ್ನು ಬಿಟ್ಟು ಮಿಕ್ಕಿದ್ದೆಲ್ಲ ಹೆಣ್ಣಿನವೇ ಎಂದು ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ ದೂರಿತು. ವರ್ಷಕ್ಕೂ ಮೇಲ್ಪಟ್ಟು ಅತ್ತ ಸುಳಿಯದ ಸದಸ್ಯರ ಫೋಟೊಗಳೇ ಅವಕ್ಕೆ ಮುಖ. ಆ ನಕಲಿ ಹೆಣ್ಣಿನ ಮೆಸೇಜ್ ಬಿಟ್ಟಿ; ಗಂಡಸು ಉತ್ತರಿಸಬೇಕೆಂದರೆ ದುಡ್ಡು ತೆತ್ತು ಕ್ರೆಡಿಟ್ ಕೊಳ್ಳಬೇಕಿತ್ತು. 2016ರ ಡಿಸೆಂಬರ್‌ನಲ್ಲಿ ಕಂಪನಿ 16 ಲಕ್ಷ ಡಾಲರ್ ಕಟ್ಟಿ ರಾಜಿಯಾಯಿತು.

ಇಷ್ಟೊಂದು ಜನ ಮೋಸಹೋದದ್ದು ದಡ್ಡತನದಿಂದಲ್ಲ. ಡೇಟಿಂಗ್ ಆ್ಯಪ್‌ನ ಮಾತುಕತೆಯೇ ಅಷ್ಟು ತೆಳು. 2012ರಲ್ಲಿ ಬಂದ ಟಿಂಡರ್, ಒಬ್ಬ ಮನುಷ್ಯನನ್ನು ಹೆಬ್ಬೆರಳಿನಿಂದ ಎಡಕ್ಕೋ ಬಲಕ್ಕೋ ತಳ್ಳುವುದನ್ನು ಕಲಿಸಿತು. ಬೆಂಗಳೂರಿನ ಪಿಜಿಯಲ್ಲಿ ಕೂತ ಹುಡುಗ ‘ಹಾಯ್, ಊಟ ಆಯ್ತಾ?’ ಎಂದು ಒಮ್ಮೆಗೇ ಹತ್ತು ಜನಕ್ಕೆ ಕಳಿಸುತ್ತಾನೆ. ಉತ್ತರ ಬರುವಷ್ಟರಲ್ಲಿ ಯಾರನ್ನು ಏನು ಕೇಳಿದ್ದೆ ಎಂಬುದೇ ಮರೆತಿರುತ್ತದೆ. ನಾವೇ ಯಂತ್ರದಂತೆ ಮಾತಾಡತೊಡಗಿದರೆ ಯಂತ್ರಕ್ಕೆ ನಮ್ಮಂತೆ ಮಾತಾಡುವುದು ಯಾವ ಮಹಾ ಕಷ್ಟ?

ಅಂದು ಮುಚ್ಚಿಟ್ಟು ಮಾಡಿದ ವ್ಯಾಪಾರ ಇಂದು ರಾಜಾರೋಷವಾಗಿ ನಡೆದಿದೆ. 2017ರಲ್ಲಿ ಶುರುವಾದ ರೆಪ್ಲಿಕಾ ಆ್ಯಪ್‌ನಲ್ಲಿ ಎದುರಿಗಿರುವುದು ಬಾಟ್ ಎಂದು ಗೊತ್ತಿದ್ದೇ ಜನ ಚಂದಾ ಕಟ್ಟಿ ಅದನ್ನು ಪ್ರೇಯಸಿ, ಗಂಡ ಎಂದು ಕರೆದರು. 2023ರ ಫೆಬ್ರುವರಿಯಲ್ಲಿ ಕಂಪನಿ ಅದರ ಶೃಂಗಾರದ ಮಾತಿಗೆ ಕಡಿವಾಣ ಹಾಕಿತು. ನಿನ್ನೆಯವರೆಗೆ ಮುದ್ದುಗರೆಯುತ್ತಿದ್ದದ್ದು ಇದ್ದಕ್ಕಿದ್ದಂತೆ ಮಾತು ಬದಲಿಸಿದಾಗ ಬಳಕೆದಾರರು ಅತ್ತರು, ರೇಗಿದರು. ಮರುತಿಂಗಳು ಹಳೆಯ ಚಂದಾದಾರರಿಗೆ ಹಳೆಯ ಸಲಿಗೆ ಮರಳಿತು. ಆ ಕಣ್ಣೀರು ಸುಳ್ಳಲ್ಲ. ಆದರೆ ಮುನಿಸಿಕೊಂಡದ್ದೂ ರಾಜಿಯಾದದ್ದೂ ಕಂಪನಿ. ಆ ‘ಪ್ರೇಯಸಿ’ಗೆ ಎರಡೂ ಗೊತ್ತಿಲ್ಲ.

ಒಂಟಿತನಕ್ಕೆ ಇಷ್ಟಾದರೂ ಆಸರೆ ಸಿಕ್ಕಿತಲ್ಲ ಎನ್ನಬಹುದು. ಸಿಗಲಿ. ಆದರೆ ಒಬ್ಬಳು ‘ಹೂಂ’ ಎಂದಾಗ ಎದೆ ಹಿಗ್ಗುವುದು, ಅವಳಿಗೆ ‘ಊಹೂಂ’ ಎನ್ನುವ ಹಕ್ಕೂ ಇತ್ತು ಎಂಬುದಕ್ಕೇ. ಈ ಆ್ಯಪ್‌ಗಳು ದುಡ್ಡಿಗೆ ಅಳಿಸಿಹಾಕುತ್ತಿರುವುದು ಆ ಹಕ್ಕನ್ನು. ‘ಊಹೂಂ’ ಕೇಳಿ ರೂಢಿಯೇ ಇಲ್ಲದವನು ನಾಳೆ ನಿಜವಾದ ಹೆಣ್ಣಿನ ಎದುರು ಕೂತಾಗ, ಅದರ ಬೆಲೆ ತೆರಬೇಕಾದವಳು ಅವಳು.