ಊರ ನೀರಿನ ರಕ್ಷಣೆ: ಆಳಂದ, ಅಫಜಲಪುರ, ಜೇವರ್ಗಿ ತಾಲೂಕುಗಳ ಭೂಮಾಲಿಕರಿಗೂ ಗ್ರಾಮಮುಖಂಡರಿಗೂ ತಿಳಿವಳಿಕೆ

ಭೂಮಿಗೆ ಒಡೆಯನುಂಟು, ಹರಿಯುವ ನೀರಿಗೆ ಒಬ್ಬನೇ ಒಡೆಯನಿಲ್ಲ. ಅಮರ್ಜಾ ಹೊಳೆಯು ಆಳಂದದ ಕಡೆಯಿಂದ ಹರಿದು ಗಾಣಗಾಪುರದ ಸಂಗಮದಲ್ಲಿ ಭೀಮೆಯನ್ನು ಕೂಡುವುದು. ಭೀಮೆಯು ಅಫಜಲಪುರವನ್ನು ದಾಟಿ ಜೇವರ್ಗಿಯ ಸೀಮೆಗೆ ಬರುವುದು. ಮೇಲಿನವನು ಮಿತಿಮೀರಿ ಎತ್ತಿದ ನೀರು ಕೆಳಗಿನವನಿಗೆ ಇಲ್ಲವಾಗುವುದು.

ನೆಲದೊಳಗಿನ ನೀರಿನ ಸ್ಥಿತಿಯೂ ಹೀಗೆಯೇ. ಆಳಂದ, ಅಫಜಲಪುರಗಳ ಎರೆಭೂಮಿಯ ಕೆಳಗೆ ಕರಿಕಲ್ಲಿನ ಪದರಗಳಿವೆ. ಗಟ್ಟಿ ಕಲ್ಲಿನಲ್ಲಿ ನೀರು ನಿಲ್ಲದು. ಸಡಿಲಾದ ಪದರದಲ್ಲಿಯೂ ಬಿರುಕುಗಳಲ್ಲಿಯೂ ಮಾತ್ರ ನಿಲ್ಲುವುದು. ಒಂದೇ ಬಿರುಕಿಗೆ ತಗುಲಿದ ಎರಡು ಬಾವಿಗಳು ಒಂದೇ ಕೊಡದ ನೀರನ್ನು ಹಂಚಿಕೊಳ್ಳುವುವು. ತೊಗರಿ ಒಣಗಿದ ವರ್ಷ ಕೊಳವೆ ಬಾವಿಯ ನೀರನ್ನು ಟ್ಯಾಂಕರಿಗೆ ಮಾರುವ ಆಸೆ ಹುಟ್ಟುವುದು ಸಹಜ. ಆದರೆ ಹಗಲಿರುಳು ಪಂಪು ನಡೆದರೆ ಮೊದಲು ಬತ್ತುವುದು ಊರ ಕುಡಿಯುವ ನೀರಿನ ಬಾವಿ. ಕೆಲವು ದಿನಗಳಲ್ಲಿ ಮಾರುವವನದೂ ಬತ್ತುವುದು.

ಕಾಯಿದೆಯ ಮಾತು

ಕರ್ನಾಟಕ ಭೂಕಂದಾಯ ಅಧಿನಿಯಮ, 1964ರ 67ನೆಯ ಪ್ರಕರಣದಂತೆ ಅನ್ಯರ ಸ್ವತ್ತಲ್ಲದ ನದಿ, ಹಳ್ಳ, ಕೆರೆಗಳೂ, ನಿಂತ ಮತ್ತು ಹರಿಯುವ ನೀರೂ ಸರ್ಕಾರದ ಸ್ವತ್ತು. ಕಾಲುವೆಯ ನೀರನ್ನು ಅಪ್ಪಣೆಯಿಲ್ಲದೆ ಎಳೆಯುವುದು 1965ರ ನೀರಾವರಿ ಅಧಿನಿಯಮದಂತೆ ಅಪರಾಧ. 2024ರ ತಿದ್ದುಪಡಿಯಿಂದ ಈ ನಿಯಮವು ಮತ್ತಷ್ಟು ಬಿಗಿಯಾಗಿದೆ.

ತನ್ನ ಭೂಮಿಯ ಕೆಳಗೆ ಗೊತ್ತಾದ ಪಾತ್ರವಿಲ್ಲದೆ ಜಿನುಗುವ ನೀರನ್ನು ಒಡೆಯನು ಸಂಗ್ರಹಿಸಿ ಬಳಸಬಹುದೆಂದು 1882ರ ಈಸ್‌ಮೆಂಟ್ ಅಧಿನಿಯಮವು ಹೇಳುವುದು. ಇದನ್ನೇ ಹಿಡಿದು ಅನೇಕರು ತಮ್ಮ ಹಕ್ಕಿಗೆ ಎಲ್ಲೆಯಿಲ್ಲವೆಂದು ತಿಳಿದಿರುವರು. ಇದು ತಪ್ಪು. ಕುಡಿಯುವ ನೀರಿನ ಮೂಲಗಳ ರಕ್ಷಣೆಗಾಗಿ 1999ರಲ್ಲಿ ಆದ ಕರ್ನಾಟಕದ ಅಂತರ್ಜಲ ಅಧಿನಿಯಮದಂತೆ, ಸಾರ್ವಜನಿಕ ಕುಡಿಯುವ ನೀರಿನ ಮೂಲದಿಂದ 500 ಮೀಟರಿನೊಳಗೆ ಅನುಮತಿಯಿಲ್ಲದೆ ಬಾವಿ ತೋಡಕೂಡದು. ನೀರಿನ ಅಭಾವವನ್ನು ಸಾರಿದ ಪ್ರದೇಶದಲ್ಲಿ, ಆ ಎಲ್ಲೆಯೊಳಗಿನ ಹಳೆಯ ಬಾವಿಗಳಿಂದ ನೀರೆತ್ತುವುದನ್ನೂ ಅಧಿಕಾರಿಗಳು ನಿರ್ಬಂಧಿಸಬಹುದು. 2011ರ ಅಂತರ್ಜಲ ಅಧಿನಿಯಮದಂತೆ ಅಧಿಸೂಚಿತ ಪ್ರದೇಶಗಳಲ್ಲಿ ಹೊಸ ಬಾವಿಗೆ ಅಂತರ್ಜಲ ಪ್ರಾಧಿಕಾರದ ಅಪ್ಪಣೆ ಬೇಕು.

ಕೇರಳದ ದೃಷ್ಟಾಂತ

ಪಾಲಕ್ಕಾಡು ಜಿಲ್ಲೆಯ ಪ್ಲಾಚಿಮಡದಲ್ಲಿ ತಂಪುಪಾನೀಯದ ಕಾರ್ಖಾನೆಯೊಂದು ಅಂತರ್ಜಲ ಎತ್ತುವುದನ್ನು ಪೆರುಮಟ್ಟಿ ಪಂಚಾಯಿತಿಯು ವಿರೋಧಿಸಿತು. ಅಂತರ್ಜಲವು ಸರ್ಕಾರವು ಜನರ ಪರವಾಗಿ ಕಾಯಬೇಕಾದ ನಿಕ್ಷೇಪವೆಂದು 2003ರಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠವು ತೀರ್ಮಾನಿಸಿತು. 2005ರಲ್ಲಿ ದ್ವಿಸದಸ್ಯ ಪೀಠವು ಅದನ್ನು ಒಪ್ಪಲಿಲ್ಲ. ಕಾರ್ಖಾನೆಯು 2004ರಲ್ಲಿಯೇ ನಿಂತಿತ್ತು. ನ್ಯಾಯದ ತತ್ತ್ವವೊಂದನ್ನೇ ನೆಚ್ಚಿ ಕೂಡ್ರದೆ, ಬರೆದ ಕಾಯಿದೆಯನ್ನೂ ಸಾಕ್ಷ್ಯವನ್ನೂ ಕೈಯಲ್ಲಿಟ್ಟುಕೊಳ್ಳಬೇಕೆಂಬುದು ಇದರ ಪಾಠ.

ಮಾಡತಕ್ಕ ಕೆಲಸಗಳು

1. ಕುಡಿಯುವ ನೀರಿನ ಪ್ರತಿಯೊಂದು ಬಾವಿಯ ಸುತ್ತ 500 ಮೀಟರು ಅಳೆದು, ಅದರೊಳಗೆ ಬರುವ ಸರ್ವೆ ನಂಬರುಗಳ ಪಟ್ಟಿಯನ್ನು ಪಂಚಾಯಿತಿಯಲ್ಲಿ ಇಡತಕ್ಕದ್ದು.

2. ತಿಂಗಳಿಗೊಮ್ಮೆ ತೆರೆದ ಬಾವಿಗೆ ಹಗ್ಗ ಇಳಿಬಿಟ್ಟು ನೀರಿನ ಮಟ್ಟವನ್ನು ಅಳೆದು ಬರೆದಿಡತಕ್ಕದ್ದು.

3. ನೀರು ಮಾರಾಟವು ಕಂಡುಬಂದರೆ ದಿನ, ವೇಳೆ, ಟ್ಯಾಂಕರುಗಳ ಎಣಿಕೆ, ಸರ್ವೆ ನಂಬರು ಇವನ್ನು ಗುರುತು ಮಾಡಿ, ಪಂಚಾಯಿತಿಯ ಠರಾವಿನೊಡನೆ ತಹಶೀಲ್ದಾರರಿಗೆ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯತಕ್ಕದ್ದು.

4. ಯಾರೂ ಪಂಪನ್ನು ಮುರಿಯಬಾರದು, ಪೈಪನ್ನು ಕಡಿಯಬಾರದು. ಹಾಗೆ ಮಾಡಿದರೆ ನ್ಯಾಯವುಳ್ಳವನೇ ಅಪರಾಧಿಯಾಗುವನು.

5. ಹೊಸ ಬಾವಿ ತೋಡುವ ಭೂಮಾಲಿಕನು ಯಂತ್ರವನ್ನು ಕರೆಯಿಸುವ ಮೊದಲೇ ಅನುಮತಿಯನ್ನು ಕೇಳತಕ್ಕದ್ದು.

ಬಾವಿ ಬತ್ತಿದ ಮೇಲೆ ಕೊಟ್ಟ ಅರ್ಜಿಯು ನೀರನ್ನು ತರಲಾರದು. ಮುಖಂಡರು ಮಾಘಮಾಸದಲ್ಲಿಯೇ ಊರನ್ನು ಕೂಡಿಸಿ ಈ ವಿಷಯವನ್ನು ತಿಳಿಸಿದರೆ, ವೈಶಾಖದಲ್ಲಿ ಹೆಣ್ಣುಮಕ್ಕಳು ಖಾಲಿ ಕೊಡ ಹೊತ್ತು ನಡೆಯುವುದು ತಪ್ಪುವುದು.