ಕ್ಲೈನ್‌ಬರ್ಗ್‌ನಲ್ಲಿ ನಿಮ್ಮ ತೂಕ ಎಷ್ಟು?

ಬೆಂಗಳೂರಿನ ಮನೆಯಲ್ಲಿ ತೂಗುವ ಸ್ಪ್ರಿಂಗ್ ತಕ್ಕಡಿಗೆ ಬ್ಯಾಗ್ ನೇತುಹಾಕಿ, ಸರಿಯಾಗಿ 23 ಕೆ.ಜಿ. ಅಂತ ನೋಡಿಕೊಂಡು ವಿಮಾನ ಹತ್ತಿದ್ದೀರಿ ಅಂದುಕೊಳ್ಳಿ. ಅದೇ ತಕ್ಕಡಿಯನ್ನು ಇಲ್ಲಿ ಕ್ಲೈನ್‌ಬರ್ಗ್‌ಗೆ ತಂದು ಅದೇ ಬ್ಯಾಗನ್ನು ಮತ್ತೆ ತೂಗಿದರೆ ಸುಮಾರು 55 ಗ್ರಾಂ ಜಾಸ್ತಿ ತೋರಿಸಬೇಕು. ಅಮ್ಮ ನಿಮಗೆ ಗೊತ್ತಿಲ್ಲದ ಹಾಗೆ ಚಟ್ನಿಪುಡಿ ತುರುಕಿದ್ದಾರೆ ಅನ್ಕೋಬೇಡಿ, ಇದು ಭೂಮಿಯ ಕೆಲಸ. ಅಲ್ಲಿ 60 ಕೆ.ಜಿ. ತೂಗುತ್ತಿದ್ದವರು ಇಲ್ಲಿ ಸುಮಾರು 150 ಗ್ರಾಂ ಹೆಚ್ಚು ತೂಗುತ್ತಾರೆ.

ಇದಕ್ಕೆ ಕಾರಣ ಮೂರು. ಭೂಮಿ ಪೂರ್ತಿ ಗುಂಡಗಿಲ್ಲ, ಸಮಭಾಜಕದ ಹತ್ತಿರ ಸ್ವಲ್ಪ ಉಬ್ಬಿದೆ. ಹಾಗಾಗಿ ಬೆಂಗಳೂರು ಭೂಮಿಯ ಕೇಂದ್ರದಿಂದ ಸ್ವಲ್ಪ ಹೆಚ್ಚು ದೂರದಲ್ಲಿದೆ. ಎರಡನೆಯದು, ಭೂಮಿ ತಿರುಗುವಾಗ ಹೊರಕ್ಕೆ ಎಸೆಯುವ ಪರಿಣಾಮ ಸಮಭಾಜಕದ ಕಡೆ ಜಾಸ್ತಿ. ಮೂರನೆಯದು, ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರ್‌ಗೂ ಎತ್ತರದಲ್ಲಿದೆ. ಗುರುತ್ವ ವೇಗೋತ್ಕರ್ಷ ಬೆಂಗಳೂರಿನಲ್ಲಿ ಸುಮಾರು 9.78, ಟೊರಾಂಟೊ ಸುತ್ತಮುತ್ತ ಸುಮಾರು 9.80. ಶಾಲೆಯಲ್ಲಿ ನಾವು ಉರುಹೊಡೆದ 9.8 ಅನ್ನೋದು ಒಂದು ಸರಾಸರಿ, ಅಷ್ಟೇ. ಅಂದಹಾಗೆ, ಎರಡು ತಟ್ಟೆಯ ತಕ್ಕಡಿಯಲ್ಲಿ ಈ ವ್ಯತ್ಯಾಸ ಕಾಣೋದಿಲ್ಲ. ಅಲ್ಲಿ ಸಾಮಾನಿನ ಜೊತೆ ತೂಕದ ಕಲ್ಲಿನ ತೂಕವೂ ಬದಲಾಗುತ್ತಲ್ಲ!

ಬೀಳುತ್ತಲೇ ಇರುವ ಪ್ರಯೋಗಶಾಲೆ

ಗುರುತ್ವವನ್ನು ಫ್ಯಾನಿನ ಹಾಗೆ ಸ್ವಿಚ್ ಒತ್ತಿ ಆಫ್ ಮಾಡೋಕೆ ಆಗಲ್ಲ. ಆದರೆ ಇಲ್ಲದ ಹಾಗೆ ಮಾಡಬಹುದು, ಅದಕ್ಕೆ ಬೀಳಬೇಕು. ಕ್ಲೈನ್‌ಬರ್ಗ್‌ನಿಂದ ಕಾರಲ್ಲಿ ಸ್ವಲ್ಪವೇ ದೂರದಲ್ಲಿರುವ ಕೆನಡಾಸ್ ವಂಡರ್‌ಲ್ಯಾಂಡ್‌ನಲ್ಲಿ 70 ಮೀಟರ್ ಎತ್ತರದ ಡ್ರಾಪ್ ಟವರ್ ಹತ್ತಿದವರಿಗೆ ಇದು ಗೊತ್ತು. ಕುರ್ಚಿಯೂ ನೀವೂ ಒಟ್ಟಿಗೆ ಬೀಳುವ ಆ ಕೆಲವು ಕ್ಷಣ ಕುರ್ಚಿ ನಿಮ್ಮನ್ನು ಹೊರುವುದಿಲ್ಲ, ಹೊಟ್ಟೆಯೊಳಗೆ ಏನೋ ತೇಲಿದ ಹಾಗಾಗುತ್ತೆ.

ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣವೂ ಹೀಗೇ ಬೀಳ್ತಾ ಇದೆ. ಆದರೆ ಅಡ್ಡಕ್ಕೆ ಎಷ್ಟು ವೇಗವಾಗಿ ಓಡ್ತಾ ಇದೆ ಅಂದರೆ, ಅದು ಕೆಳಗೆ ಬೀಳುವಷ್ಟೇ ಭೂಮಿಯೂ ಬಾಗುತ್ತಾ ಹೋಗುತ್ತದೆ. ಸುಮಾರು 400 ಕಿ.ಮೀ. ಎತ್ತರದಲ್ಲಿ ಗುರುತ್ವ ನೆಲದ ಮೇಲಿನದರ ಶೇ. 90ರಷ್ಟು ಇದ್ದೇ ಇದೆ. ‘ಅಲ್ಲಿ ಗುರುತ್ವವೇ ಇಲ್ಲ’ ಅನ್ನೋದು ತಪ್ಪು, ಅಲ್ಲಿ ಇಲ್ಲದಿರುವುದು ತೂಕದ ಅನುಭವ ಮಾತ್ರ.

2025ರ ಜೂನ್–ಜುಲೈನಲ್ಲಿ ಶುಭಾಂಶು ಶುಕ್ಲಾ ಆ ನಿಲ್ದಾಣದಲ್ಲಿದ್ದಾಗ ಮೆಂತ್ಯ ಮತ್ತು ಹೆಸರುಕಾಳನ್ನು ಮೊಳಕೆ ಕಟ್ಟಿದರು. ಆ ಪ್ರಯೋಗ ನಮ್ಮ ಧಾರವಾಡದ್ದು, ಅಲ್ಲಿನ ಕೃಷಿ ವಿಶ್ವವಿದ್ಯಾಲಯ ಮತ್ತು ಐಐಟಿ ಸೇರಿ ರೂಪಿಸಿದ್ದು. ಬೇರಿನ ತುದಿಯ ಜೀವಕೋಶಗಳಲ್ಲಿ ಪಿಷ್ಟದ ಭಾರದ ಕಣಗಳಿರುತ್ತವೆ. ಅವು ಯಾವ ಕಡೆ ಕುಳಿತುಕೊಳ್ಳುತ್ತವೋ ಅದೇ ‘ಕೆಳಗೆ’ ಅಂತ ಬೇರಿಗೆ ತಿಳಿಯುತ್ತದೆ. ಕಣಗಳು ಕೂರುವುದೇ ಇಲ್ಲ ಅಂದರೆ ಬೇರು ಏನು ಮಾಡುತ್ತೆ, ಕಾಳಿನ ಪೌಷ್ಟಿಕಾಂಶ ಬದಲಾಗುತ್ತಾ? ಮುಂದೆ ಬಾಹ್ಯಾಕಾಶದಲ್ಲಿ ಅಡುಗೆ ಮಾಡಿ ಉಣ್ಣುವವರಿಗೆ ಇದು ಬೇಕಾದ ವಿಷಯ.

ಮೇಲಿಂದ ಭೂಮಿಯನ್ನು ತೂಗುವುದು

ಹೀಗೆ ಬೀಳುತ್ತಿರುವ ವಸ್ತುವಿನಿಂದಲೇ ಗುರುತ್ವವನ್ನು ಅಳೆಯಬಹುದು ಅನ್ನೋದು ಇನ್ನೂ ಚಂದದ ಸಂಗತಿ. 2002ರ ಮಾರ್ಚ್‌ನಲ್ಲಿ ನಾಸಾ ಮತ್ತು ಜರ್ಮನಿ ಸೇರಿ ಗ್ರೇಸ್ ಎಂಬ ಜೋಡಿ ಉಪಗ್ರಹಗಳನ್ನು ಹಾರಿಸಿದವು. ಒಂದರ ಹಿಂದೆ ಒಂದು, ನಡುವೆ ಸುಮಾರು 220 ಕಿ.ಮೀ. ಅಂತರ. ಇವುಗಳಿಗೆ ಪ್ರೀತಿಯಿಂದ ಟಾಮ್ ಮತ್ತು ಜೆರ್ರಿ ಅಂತ ಹೆಸರಿಟ್ಟಿದ್ದರು.

ನಂದಿಬೆಟ್ಟ ಇಳಿಯುವ ಎರಡು ಸ್ಕೂಟರ್ ನೆನಪಿಸಿಕೊಳ್ಳಿ. ಮುಂದಿನದು ಇಳಿಜಾರಿಗೆ ಮೊದಲು ಬಂದು ವೇಗ ಹಿಡಿಯುತ್ತದೆ, ಅಂತರ ಹೆಚ್ಚುತ್ತದೆ. ಅದು ಮಟ್ಟಸ ರಸ್ತೆ ಮುಟ್ಟುವ ಹೊತ್ತಿಗೆ ಹಿಂದಿನದು ಇಳಿಜಾರಿನಲ್ಲಿರುತ್ತದೆ, ಅಂತರ ಕಡಿಮೆಯಾಗುತ್ತದೆ. ಉಪಗ್ರಹಗಳದ್ದೂ ಇದೇ ಕಥೆ. ಕೆಳಗೆ ದ್ರವ್ಯರಾಶಿ ಹೆಚ್ಚಿರುವ ಜಾಗ ಬಂದಾಗ ಅದು ಮೊದಲು ಮುಂದಿನದನ್ನು ಎಳೆಯುತ್ತದೆ, ಆಮೇಲೆ ಹಿಂದಿನದನ್ನು. 220 ಕಿ.ಮೀ. ದೂರದಲ್ಲಿ ಆಗುವ ಈ ಬದಲಾವಣೆ ಕೂದಲೆಳೆಗಿಂತ ಸಣ್ಣದಾಗಿದ್ದರೂ ಅಳೆಯುತ್ತಿದ್ದರು. ತಿಂಗಳಿಗೊಂದರಂತೆ ಇಡೀ ಭೂಮಿಯ ಗುರುತ್ವದ ನಕ್ಷೆ ಸಿಗತೊಡಗಿತು. 2017ರಲ್ಲಿ ಆ ಜೋಡಿಯ ಕೆಲಸ ಮುಗಿಯಿತು, 2018ರಲ್ಲಿ ಗ್ರೇಸ್-ಎಫ್ಒ ಎಂಬ ಹೊಸ ಜೋಡಿ ಹೋಯಿತು.

ಎರಡು ಊರು, ಎರಡು ತಗ್ಗು

ಈ ನಕ್ಷೆಯಲ್ಲಿ ನಮ್ಮಂಥವರಿಗೆ ವಿಶೇಷವಾದ ಒಂದು ವಿಷಯ ಇದೆ. ಗುರುತ್ವ ಕಡಿಮೆಯಿರುವ ಹೆಸರಾಂತ ಜಾಗಗಳಲ್ಲಿ ಒಂದು ನಾವೀಗ ಇರುವ ಒಂಟಾರಿಯೊದ ಉತ್ತರಕ್ಕೆ ಹಡ್ಸನ್ ಕೊಲ್ಲಿಯ ಸುತ್ತ ಇದೆ, ಇನ್ನೊಂದು ನಾವು ಬಿಟ್ಟುಬಂದ ನಾಡಿನ ದಕ್ಷಿಣಕ್ಕೆ ಹಿಂದೂ ಮಹಾಸಾಗರದಲ್ಲಿ.

ಹಡ್ಸನ್ ಕೊಲ್ಲಿಯ ಮೇಲೆ ಸುಮಾರು 20,000 ವರ್ಷಗಳ ಹಿಂದೆ ಕಿಲೋಮೀಟರ್‌ಗಟ್ಟಲೆ ದಪ್ಪದ ಹಿಮದ ಹಾಸು ಕೂತಿತ್ತು. ಕ್ಲೈನ್‌ಬರ್ಗ್ ಕೂಡ ಅದರಡಿಯೇ ಇತ್ತು. ಇಲ್ಲಿಂದ ಉತ್ತರಕ್ಕಿರುವ ಓಕ್ ರಿಡ್ಜಸ್ ಮೊರೇನ್ ದಿಬ್ಬಗಳು ಆ ಹಿಮ ಕರಗುವಾಗ ಬಿಟ್ಟುಹೋದ ಮರಳು, ಜಲ್ಲಿಯ ರಾಶಿ. ಊರಿನ ಪಕ್ಕದ ಹಂಬರ್ ನದಿಯ ಪೂರ್ವ ಕವಲಿಗೆ ನೀರು ಬರುವುದೂ ಆ ದಿಬ್ಬಗಳಿಂದಲೇ. ಭಾರಕ್ಕೆ ನೆಲ ಕುಸಿದು, ಅಡಿಯ ಮೆತ್ತನೆಯ ಶಿಲಾಪದರ ಪಕ್ಕಕ್ಕೆ ಸರಿಯಿತು. ಹಿಮ ಹೋಯಿತು, ಸರಿದದ್ದು ಇನ್ನೂ ಪೂರ್ತಿ ವಾಪಸ್ ಬಂದಿಲ್ಲ. ಬಹಳ ಹೊತ್ತು ಕೂತು ಎದ್ದ ಮೇಲೆ ಹತ್ತಿಯ ದಿಂಬು ನಿಧಾನವಾಗಿ ಉಬ್ಬುವ ಹಾಗೆ, ಹಡ್ಸನ್ ಕೊಲ್ಲಿಯ ಸುತ್ತ ನೆಲ ಇಂದಿಗೂ ವರ್ಷಕ್ಕೆ ಸುಮಾರು ಒಂದು ಸೆಂಟಿಮೀಟರ್ ಏಳುತ್ತಿದೆ. ಗ್ರೇಸ್ ಮಾಹಿತಿಯಿಂದ 2007ರಲ್ಲಿ ಹಾಕಿದ ಲೆಕ್ಕದ ಪ್ರಕಾರ ಅಲ್ಲಿನ ಗುರುತ್ವದ ಕೊರತೆಯಲ್ಲಿ ಶೇ. 25ರಿಂದ 45ರಷ್ಟಕ್ಕೆ ಈ ಹಳೆಯ ಹಿಮ ಕಾರಣ. ಉಳಿದದ್ದಕ್ಕೆ ಭೂಗರ್ಭದ ಆಳದ ಚಲನೆ ಕಾರಣ. ಆದರೆ ಅಲ್ಲಿಗೆ ಹೋದರೆ ಸಣ್ಣಗಾಗ್ತೀವಿ ಅಂತ ಆಸೆ ಬೇಡ, ಈ ಕೊರತೆಯಿಂದ ಕಡಿಮೆಯಾಗೋದು ಕೆಲವೇ ಗ್ರಾಂ.

ಹಿಂದೂ ಮಹಾಸಾಗರದ ತಗ್ಗು ಇನ್ನೂ ದೊಡ್ಡದು. ಅಲ್ಲಿ ಗುರುತ್ವ ಕಡಿಮೆ ಇರೋದರಿಂದ ನೀರು ಸುತ್ತಲಿನ ಕಡೆಗೆ ಸರಿದು, ಸಮುದ್ರದ ಮಟ್ಟ ಇರಬೇಕಾದ್ದಕ್ಕಿಂತ ಸುಮಾರು 106 ಮೀಟರ್ ಕೆಳಗಿದೆ. ಇದನ್ನು ‘ಗುರುತ್ವದ ರಂಧ್ರ’ ಅಂತ ಸುದ್ದಿಗಳಲ್ಲಿ ಬರೆದರು, ಆದರೆ ಅಲ್ಲಿ ಯಾವ ತೂತೂ ಇಲ್ಲ. ಹಡಗಿನಲ್ಲಿ ಹೋಗುವವರಿಗೆ ಇಳಿದ ಅನುಭವವೂ ಆಗಲ್ಲ, ಯಾಕೆಂದರೆ ಗುರುತ್ವದ ಪ್ರಕಾರ ಅದೇ ಸಮತಟ್ಟು.

ಇದು ಯಾಕಾಯಿತು ಅನ್ನೋದಕ್ಕೆ 2023ರಲ್ಲಿ ಉತ್ತರ ಕೊಟ್ಟವರು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ದೇಬಾಂಜನ್ ಪಾಲ್ ಮತ್ತು ಆತ್ರೇಯಿ ಘೋಷ್. ಭೂಮಿಯ ಒಳಗೆ ಇಳಿದು ನೋಡೋಕೆ ಆಗಲ್ಲ, ಹಾಗಾಗಿ ಕಂಪ್ಯೂಟರಿನಲ್ಲೇ ಭೂಮಿಯನ್ನು ಕಟ್ಟಿ 14 ಕೋಟಿ ವರ್ಷಗಳ ಚಲನೆಯನ್ನು ಓಡಿಸಿದರು. ಒಂದಲ್ಲ, 19 ಸಲ, ಪ್ರತಿ ಸಲವೂ ಬೇರೆ ಬೇರೆ ಊಹೆಯೊಂದಿಗೆ. ಅದರಲ್ಲಿ ಆರರಲ್ಲಿ ಮಾತ್ರ ಈಗಿನಂಥ ತಗ್ಗು ಮೂಡಿತು. ಆ ಆರರಲ್ಲೂ ಇದ್ದ ಸಾಮಾನ್ಯ ಅಂಶ, ಆಳದಿಂದ ಎದ್ದುಬಂದ ಬಿಸಿಯಾದ, ಹಗುರವಾದ ಶಿಲೆ. ಭಾರತ ಉತ್ತರಕ್ಕೆ ಸರಿಯುವಾಗ ಮುಚ್ಚಿಹೋದ ಟೆಥಿಸ್ ಸಾಗರದ ತಳ ಆಳಕ್ಕೆ ಮುಳುಗಿ, ಆಫ್ರಿಕಾದ ಅಡಿಯ ಬಿಸಿ ದ್ರವ್ಯವನ್ನು ಕೆದಕಿ ಮೇಲಕ್ಕೆ ಕಳಿಸಿತು ಅನ್ನೋದು ಅವರ ವಿವರಣೆ. ಸಿಮ್ಯುಲೇಶನ್ ಅಂದರೆ ಇದೇ: ‘ಹೀಗಿದ್ದಿದ್ದರೆ ಏನಾಗ್ತಿತ್ತು’ ಅಂತ ಮತ್ತೆ ಮತ್ತೆ ಕೇಳೋದು, ನಿಜಕ್ಕೆ ಹೊಂದದಿದ್ದನ್ನು ಕೈಬಿಡೋದು.

ಬಾವಿಯ ನೀರು

ಇಷ್ಟೆಲ್ಲ ತಿಳಿದು ಏನು ಪ್ರಯೋಜನ ಅಂತ ಊರಲ್ಲಿ ಅಜ್ಜ ಕೇಳಿದರೆ, ಹೇಳೋಕೆ ಉತ್ತರ ಇದೆ.

ಬೆಟ್ಟಗಳು ತಿಂಗಳಿಂದ ತಿಂಗಳಿಗೆ ಬದಲಾಗಲ್ಲ, ನೀರು ಬದಲಾಗುತ್ತೆ. ಗ್ರೇಸ್‌ನ ತಿಂಗಳ ನಕ್ಷೆಯಲ್ಲಿ ಕೆನಡಾದ ಚಳಿಗಾಲದ ಹಿಮ, ನಮ್ಮ ಮುಂಗಾರು ಎರಡೂ ತೂಕವಾಗಿ ಕಾಣುತ್ತವೆ. ಮಳೆ, ಹಿಮ, ಮಣ್ಣಿನ ತೇವದ ಲೆಕ್ಕ ಕಳೆದರೆ ಉಳಿಯೋದು ಅಂತರ್ಜಲ. 2009ರಲ್ಲಿ ಪ್ರಕಟವಾದ ಅಧ್ಯಯನವೊಂದು ರಾಜಸ್ಥಾನ, ಪಂಜಾಬ್, ಹರಿಯಾಣ ಪ್ರದೇಶದಲ್ಲಿ 2002ರಿಂದ 2008ರ ನಡುವೆ 109 ಘನ ಕಿ.ಮೀ. ಅಂತರ್ಜಲ ಖಾಲಿಯಾಗಿದೆ ಅಂತ ತೋರಿಸಿತು. ನಮ್ಮ ಕನ್ನಂಬಾಡಿ ಕಟ್ಟೆ ಪೂರ್ತಿ ತುಂಬಿದಾಗ ಹಿಡಿಯೋದು 49 ಟಿಎಂಸಿ ಚಿಲ್ಲರೆ, ಅಂದರೆ ಸುಮಾರು 1.4 ಘನ ಕಿ.ಮೀ. ಅಂಥ 75ಕ್ಕೂ ಹೆಚ್ಚು ಕಟ್ಟೆಗಳ ನೀರು ಆರು ವರ್ಷದಲ್ಲಿ ನೆಲದಡಿಯಿಂದ ಹೋಯಿತು. ಬಾವಿಗಳಲ್ಲಿ ನೀರು ಇಳಿಯೋದು ರೈತರಿಗೆ ಮೊದಲೇ ಗೊತ್ತಿತ್ತು. ಒಟ್ಟು ಎಷ್ಟು ಹೋಯಿತು ಅಂತ ತೂಗಿ ಹೇಳಿದ್ದು ಉಪಗ್ರಹ.

ಇದಕ್ಕೊಂದು ಮಿತಿಯೂ ಇದೆ. ಈ ಕಣ್ಣಿಗೆ ನೂರಾರು ಕಿ.ಮೀ. ಅಗಲದ ಪ್ರದೇಶ ಕಾಣುತ್ತದೆ, ಕೋಲಾರದ ಒಂದು ಹಳ್ಳಿ ಕಾಣಲ್ಲ. ಸಾವಿರ ಅಡಿ ಕೊರೆದರೂ ನೀರು ಸಿಗದ ಬೋರ್‌ವೆಲ್ ಯಾವುದು ಅಂತ ಅದು ಹೇಳಲಾರದು. ಅದಕ್ಕೆ ಇಂದಿಗೂ ಊರಿನಲ್ಲೇ ಬಾವಿಯ ಮಟ್ಟ ಅಳೆಯಬೇಕು, ಕೆರೆ ಉಳಿಸಿಕೊಳ್ಳಬೇಕು.

ನಮ್ಮಲ್ಲಿ ಜಲವಿಜ್ಞಾನ, ಸಿವಿಲ್, ಡೇಟಾ ಸೈನ್ಸ್ ಓದುವವರು ಬಹಳ ಜನ ಇದ್ದೀರಿ. ಗ್ರೇಸ್ ಮಾಹಿತಿ ಎಲ್ಲರಿಗೂ ಉಚಿತವಾಗಿ ಸಿಗುತ್ತದೆ. ಪ್ರಾಜೆಕ್ಟ್‌ಗೆ ವಿಷಯ ಹುಡುಕುತ್ತಿದ್ದರೆ ಒಮ್ಮೆ ನಮ್ಮ ಊರಿನ ಕಡೆಯ ತಿಂಗಳುಗಳನ್ನು ತೆರೆದು ನೋಡಿ. ರಜೆಗೆ ಹೋದಾಗ ಮನೆಯ ಬಾವಿಗೆ ಹಗ್ಗ ಇಳಿಬಿಟ್ಟು, ಆ ಅಳತೆಯನ್ನೂ ಬರೆದುಕೊಂಡು ಬನ್ನಿ. ಲೆಕ್ಕ ಪೂರ್ತಿಯಾಗೋಕೆ ಎರಡೂ ಬೇಕು.